ಮಳೆನಾಡಿನ ಒಂದು ಮನೆಯಲ್ಲಿ

ಸೋಮವಾರಪೇಟೆಯನ್ನು ದಾಟಿ ಶನಿವಾರಸಂತೆಯ ಮಾರ್ಗ ಹಿಡಿದರೆ ಕೊಡಗಿನ ಉತ್ತರದ ಸೆರಗು ತೆರೆದುಕೊಳ್ಳುತ್ತದೆ. ಕಾಫಿಯ ತೋಟಗಳು, ಸಿಲ್ವರ್ ಓಕ್ ಮರಗಳಿಗೆ ಹಬ್ಬಿದ ಮೆಣಸಿನ ಬಳ್ಳಿಗಳು, ತಗ್ಗಿನಲ್ಲಿ ಭತ್ತದ ಗದ್ದೆಗಳು. ಪ್ರವಾಸಿಗರು ಮಡಿಕೇರಿಯ ರಾಜಾಸೀಟನ್ನೂ ಅಬ್ಬಿ ಜಲಪಾತವನ್ನೂ ಕಂಡು ಹಿಂದಿರುಗುವರು. ಇತ್ತ ಬರುವವರು ವಿರಳ. ಆಷಾಢದಲ್ಲಂತೂ ಬಾರದಿರುವುದೇ ಜಾಣತನ. ಬಂಧುಗಳ ಮನೆಗೆಂದು ನಾವು ಹೋದದ್ದು ಆ ಮಳೆಯಲ್ಲೇ.

ಆ ಮನೆಯಲ್ಲಿ ಐದು ವರ್ಷದ ಹೆಣ್ಣುಮಗುವಿದೆ. ಹುಟ್ಟಿನಿಂದಲೂ ನುಂಗುವ ಶಕ್ತಿ ಸಾಲದು. ಬಾಯಿಗಿಟ್ಟ ಹಾಲು ಶ್ವಾಸಕೋಶಕ್ಕಿಳಿದು ಮತ್ತೆ ಮತ್ತೆ ನ್ಯುಮೋನಿಯಾ ಆಗುತ್ತಿದ್ದುದರಿಂದ, ವೈದ್ಯರು ಹೊಟ್ಟೆಯ ಮೇಲೆ ಸಣ್ಣ ರಂಧ್ರ ಮಾಡಿ ಜಠರಕ್ಕೆ ನೇರವಾಗಿ ನಳಿಕೆಯನ್ನು ಇಟ್ಟಿದ್ದಾರೆ. ಹೊಟ್ಟೆಯನ್ನು ಕೊಯ್ದು ತೆರೆಯದೆ, ಎಂಡೋಸ್ಕೋಪಿನ ನೆರವಿನಿಂದ ಇದನ್ನು ಇಡುವ ವಿಧಾನ ಮೊದಲು ನಡೆದದ್ದು 1979ರಲ್ಲಿ, ಅಮೆರಿಕದ ಕ್ಲೀವ್‌ಲ್ಯಾಂಡಿನಲ್ಲಿ. ಅಂದಿನ ರೋಗಿಯೂ ಒಂದು ಹಸುಗೂಸೇ.

ಊಟದ ಹೊತ್ತಿಗೆ ತಾಯಿ ಸೋಪಿನಿಂದ ಕೈ ತೊಳೆದು, ಮಗುವನ್ನು ದಿಂಬಿಗೆ ಒರಗಿಸಿ ಕೂರಿಸಿ, ನಳಿಕೆಯ ಮೇಲಿನ ಗುರುತು ಸ್ವಸ್ಥಾನದಲ್ಲಿದೆಯೇ ಎಂದು ನೋಡಿದರು. ಒತ್ತುವ ಕಡ್ಡಿ ತೆಗೆದ ಸಿರಿಂಜನ್ನು ನಳಿಕೆಗೆ ಜೋಡಿಸಿ, ಮೊದಲು ಕಾಯಿಸಿ ಆರಿಸಿದ ನೀರು, ಬಳಿಕ ವೈದ್ಯರು ಹೇಳಿದ ಅಳತೆಯ ಆಹಾರ. ಕೈ ಮೇಲೆತ್ತಿದರೆ ಬೇಗ ಇಳಿಯುತ್ತದೆ, ತಗ್ಗಿಸಿದರೆ ನಿಧಾನ, ಒತ್ತಿ ನೂಕುವಂತಿಲ್ಲ. ಕೊನೆಯಲ್ಲಿ ಮತ್ತೆ ನೀರು, ಇಲ್ಲವಾದರೆ ನಳಿಕೆ ಕಟ್ಟಿಕೊಳ್ಳುತ್ತದೆ. ಉಂಡ ಮೇಲೆ ಅರ್ಧ ಗಂಟೆಯಾದರೂ ಮಲಗಿಸಬಾರದು. ಇಷ್ಟೆಲ್ಲ ಅಡುಗೆಮನೆಯ ಮೂಲೆಯಲ್ಲಿ ನಡೆಯಲಿಲ್ಲ, ಎಲ್ಲರ ಪಂಕ್ತಿಯಲ್ಲೇ ನಡೆಯಿತು. “ನಮ್ಮ ಜೊತೇಲೇ ಉಣ್ಣಲಿ ಕಣಪ್ಪ, ಅವಳೇನು ಬೇರೆಯವಳೇ?” ಎಂದರು ಅಜ್ಜಿ. ರಾಗಿ ಗಂಜಿಯನ್ನು ತೆಳುಬಟ್ಟೆಯಲ್ಲಿ ಎರಡೆರಡು ಬಾರಿ ಸೋಸುವ ಕೆಲಸ ಅವರದು.

ನಳಿಕೆಯ ಸುತ್ತಲಿನ ಚರ್ಮ ಸದಾ ಒಣಗಿರಬೇಕು. ಹಗ್ಗದ ಮೇಲಿನ ಬಟ್ಟೆ ವಾರವಾದರೂ ಒಣಗದ ನಾಡಿನಲ್ಲಿ ಇದು ಸಣ್ಣ ಮಾತಲ್ಲ. ನಿತ್ಯವೂ ಸೋಪು ನೀರಿನಿಂದ ಶುಚಿಮಾಡಿ ಮೃದುವಾಗಿ ಒತ್ತಿ ಒರೆಸುತ್ತಾರೆ. ಒರೆಸುವ ಬಟ್ಟೆಯನ್ನು ಮುನ್ನಾದಿನವೇ ಅಗ್ಗಿಷ್ಟಿಕೆಯ ಬಳಿ ಒಣಗಿಸಿಟ್ಟಿರುತ್ತಾರೆ. ಚರ್ಮ ಕೆಂಪಾದರೆ, ಕೀವು ಕಂಡರೆ ವೈದ್ಯರಲ್ಲಿಗೇ ಹೋಗಬೇಕು. ವಿದ್ಯುತ್ತು ಹೋದರೆ ದಿನಗಟ್ಟಲೆ ಬಾರದ ಕಾರಣ ಫ್ರಿಜ್ಜನ್ನು ನಂಬದೆ, ಆಯಾ ಹೊತ್ತಿನ ಆಹಾರವನ್ನು ಆಗಲೇ ತಯಾರಿಸುತ್ತಾರೆ.

ಎಲ್ಲಕ್ಕಿಂತ ದೊಡ್ಡ ಭಯ ರಸ್ತೆಯದು. ನಳಿಕೆ ಕಳಚಿ ಬಿದ್ದರೆ ಕೆಲವೇ ಗಂಟೆಗಳಲ್ಲಿ ರಂಧ್ರ ಮುಚ್ಚತೊಡಗುತ್ತದೆ. ಶಸ್ತ್ರಕ್ರಿಯೆಯಾದ ಮೊದಲ ವಾರಗಳಲ್ಲಂತೂ ಮನೆಯಲ್ಲಿ ಅದನ್ನು ಹಿಂದಕ್ಕೆ ತೂರಿಸುವುದು ಪ್ರಾಣಾಪಾಯ. ಆಹಾರ ಜಠರದ ಹೊರಗೆ ಸೋರಬಹುದು. ಮಡಿಕೇರಿಯಲ್ಲಿ ವೈದ್ಯಕೀಯ ಕಾಲೇಜು ಆರಂಭವಾದದ್ದು 2016ರಲ್ಲಿ. ಮೈಸೂರು ಮಡಿಕೇರಿಯಿಂದಲೇ ಸುಮಾರು 120 ಕಿಲೋಮೀಟರ್, ಜಿಲ್ಲೆಗೆ ರೈಲಿಲ್ಲ. 2018ರ ಆಗಸ್ಟಿನಲ್ಲಿ ಗುಡ್ಡಗಳೇ ಜರಿದು ರಸ್ತೆಗಳು ಕೊಚ್ಚಿಹೋದುದನ್ನು ಇಲ್ಲಿಯವರು ಮರೆತಿಲ್ಲ. ಆದ್ದರಿಂದ ಬಾಗಿಲ ಬಳಿ ಒಂದು ಚೀಲ ಸದಾ ಸಿದ್ಧ: ಅದೇ ಅಳತೆಯ ಬದಲಿ ನಳಿಕೆ, ಸಿರಿಂಜು, ಆಸ್ಪತ್ರೆಯ ಕಾಗದ.

ಹಿಂದಿನ ಮಳೆಗಾಲದ ಒಂದು ರಾತ್ರಿ ಅದು ಕಳಚಿಯೇ ಬಿಟ್ಟಿತಂತೆ. ಹೊರಟ ಜೀಪಿಗೆ ಎರಡನೆಯ ತಿರುವಿನಲ್ಲೇ ಮರ ಅಡ್ಡ. ಪಕ್ಕದ ತೋಟದ ಲೈನ್ ಮನೆಗಳಿಂದ ಕೂಲಿಯವರು ಗರಗಸ ಹಿಡಿದು ಬಂದು, ಸುರಿಯುವ ಮಳೆಯಲ್ಲೇ ಕೊಯ್ದು ದಾರಿ ಬಿಡಿಸಿದರು. ರಂಧ್ರ ಕಿರಿದಾಗಿದ್ದರೂ ಮುಚ್ಚಿರಲಿಲ್ಲ. ಬೆಳಗಾಗುವುದರೊಳಗೆ ಹೊಸ ನಳಿಕೆ ಕುಳಿತಿತು. ಈಗ ಜೀಪಿನ ಹಿಂಭಾಗದಲ್ಲಿ ಒಂದು ಗರಗಸವೂ ಇರುತ್ತದೆ.