ಸದ್ದಿಲ್ಲದ ಬಂಡಿ

ಪೆಟ್ರೋಲ್ ಕುಡಿಯುವ ಬಂಡಿ ಮಾತುಗಾರ ಪ್ರಾಣಿ. ಮೈಗೆ ಸರಿಯಿಲ್ಲದಿದ್ದರೆ ಕೆಮ್ಮುತ್ತದೆ, ನರಳುತ್ತದೆ, ಹೊಗೆ ಉಗುಳುತ್ತದೆ. ನಮ್ಮ ತುಮಕೂರಿನ ಶಿರಾ ಗೇಟಿನಲ್ಲಿ ಒಬ್ಬ ಮೆಕ್ಯಾನಿಕ್ ಇದ್ದಾನೆ. ಆ ಕೆಮ್ಮನ್ನು ಕೇಳಿಯೇ ರೋಗ ಹೇಳಬಲ್ಲ. ನಾಡಿ ಹಿಡಿಯುವ ಪಂಡಿತರಿಗೂ ಆತನಿಗೂ ಹೆಚ್ಚು ಅಂತರವಿಲ್ಲವೆನ್ನಿ. ಆದರೆ ಈಗ ನಾನು ಕಾಲೇಜಿಗೆ ಹೋಗುವುದು ವಿದ್ಯುತ್ ಸ್ಕೂಟರಿನ ಮೇಲೆ. ಅದಕ್ಕೆ ಸುಖದಲ್ಲೂ ಮೌನ, ಕಷ್ಟದಲ್ಲೂ ಮೌನ.

ಹಾಗೆಂದು ಅದಕ್ಕೆ ಸ್ವಭಾವವೇ ಇಲ್ಲವೆಂದು ತಿಳಿಯಬೇಡಿ. ಅದರ ಲಿಥಿಯಂ ಬ್ಯಾಟರಿ ಮಿತಾಹಾರಿ. ಹೊಟ್ಟೆ ಬಿರಿಯುವಂತೆ ತುಂಬಿಸಿ ದಿನಗಟ್ಟಲೆ ನಿಲ್ಲಿಸಿದರೂ ಸಹಿಸದು, ಪೂರ್ತಿ ಉಪವಾಸ ಕೆಡವಿದರೂ ಸಹಿಸದು. ಸಾಮಾನ್ಯವಾಗಿ ನೂರಕ್ಕೆ 20ರಿಂದ 80ರ ನಡುವೆ ಇಟ್ಟರೆ ಬಹುಕಾಲ ಬಾಳುತ್ತದೆ. ಬಿಸಿಲಿನಲ್ಲಿ ಓಡಿ ಬಂದ ಕೂಡಲೇ ಚಾರ್ಜಿಗೆ ಹಾಕಬಾರದು. ಬೆವರು ಆರಿದ ಮೇಲೆ ಊಟ. ಚಕ್ರದಲ್ಲಿ ಗಾಳಿ ಇಳಿದರೆ ಓಡುವ ದೂರವೂ ಇಳಿಯುತ್ತದೆ. ಇಳಿಜಾರಿನಲ್ಲಿ ವೇಗದ ಹಿಡಿಯನ್ನು ಬಿಟ್ಟರೆ ಮೋಟಾರೇ ಡೈನಮೊ ಆಗಿ ಚೂರು ವಿದ್ಯುತ್ತನ್ನು ಹಿಂದಕ್ಕೆ ಕೊಡುತ್ತದೆ. ಅಸಲು ಬಾರದಿದ್ದರೂ ಬಡ್ಡಿಯ ಪುಡಿಗಾಸು!

ಹೋದ ಮಳೆಗಾಲದ ಒಂದು ಬೆಳಿಗ್ಗೆ ಈ ಮೌನಿ ಶಿರಾ ಗೇಟಿನ ಬಳಿ ನಿಂತೇಬಿಟ್ಟಿತು. ಪರದೆಯ ಮೇಲೆ ನೋಡಿದರೆ ಬ್ಯಾಟರಿ ನೂರಕ್ಕೆ 74; ಹಿಡಿ ತಿರುಚಿದರೆ ಕದಲದು. ಫೋನ್ ಮಾಡಿದ ಕಡೆಯಲ್ಲಿ, "ನಾಲ್ಕು ದಿನ ಬಿಟ್ಟು ತನ್ನಿ, ಕಂಪ್ಯೂಟರಿಗೆ ಜೋಡಿಸಿ ನೋಡಬೇಕು" ಎಂದರು. ಹತ್ತಿರದಲ್ಲೇ ನಮ್ಮ ಪಂಡಿತನ ಅಂಗಡಿ. ತಳ್ಳಿಕೊಂಡು ಹೋದೆ.

"ಇದ್ರಲ್ಲಿ ನನ್ಗೇನು ತಿಳೀತದೆ ಮೇಷ್ಟ್ರೇ? ಕೇಳೋಕೆ ಸದ್ದೇ ಇಲ್ಲ" ಎಂದ. ಮಾತಿನಲ್ಲಿ ನಗೆಯಿತ್ತು, ಮುಖದಲ್ಲಿರಲಿಲ್ಲ. ಮೂವತ್ತು ವರ್ಷದ ಅಂಗಡಿ. ಮುಂದೆ ನಿಲ್ಲುವ ಬಂಡಿಗಳ ಸಾಲು ಈಚೆಗೆ ತೆಳುವಾಗಿದೆ.

ಆದರೂ ಕೈ ಒರೆಸಿಕೊಂಡು ಬಂಡಿಗೆ ಒಂದು ಪ್ರದಕ್ಷಿಣೆ ಬಂದ, ಹಿಂದುಗಡೆ ನಿಂತ. "ಬ್ರೇಕ್ ಹಿಡಿದಿದೀರಾ?"

"ಇಲ್ಲವಲ್ಲ."

"ಮತ್ತೆ ಬ್ರೇಕಿನ ದೀಪ ಯಾಕೆ ಉರೀತದೆ?"

ಇಂಥ ಬಂಡಿಗಳಲ್ಲಿ ಬ್ರೇಕು ಹಿಡಿದೊಡನೆ ಮೋಟಾರಿಗೆ ವಿದ್ಯುತ್ತನ್ನು ತಡೆಯುವ ಪುಟ್ಟ ಸ್ವಿಚ್ಚೊಂದು ಇರುತ್ತದೆ. ಮಳೆ, ಧೂಳು ಸೇರಿ ಅದು ಅಂಟಿಕೊಂಡಿತ್ತು. ಬೀಗದ ಕೈ ತಿರುಗಿಸಿ ಬಂಡಿಯನ್ನು ಆರಿಸಿ, ಹಳೆಯ ಹಲ್ಲುಜ್ಜುವ ಬ್ರಷ್ಷಿನಿಂದ ತಿಕ್ಕಿದ. ದೀಪ ಆರಿತು, ಬಂಡಿ ಹೊರಟಿತು. ಬ್ಯಾಟರಿಯ ಪೆಟ್ಟಿಗೆಯನ್ನು ಮಾತ್ರ ಮುಟ್ಟಲಿಲ್ಲ. "ಅದು ಕಲಿತೋರ ಕೆಲಸ" ಎಂದ.

ಆತನ ವಿದ್ಯೆ ಕಿವಿಯಲ್ಲಿ ಮಾತ್ರ ಇರಲಿಲ್ಲ, ಗಮನದಲ್ಲಿತ್ತು. ವಿದ್ಯುತ್ ವಾಹನಗಳಿಗೆಂದೇ 2017ರಲ್ಲಿ ನೀತಿ ರೂಪಿಸಿದ ಮೊದಲ ರಾಜ್ಯ ನಮ್ಮದು. ನಮ್ಮದೇ ಜಿಲ್ಲೆಯ ಪಾವಗಡದಲ್ಲಿ 2050 ಮೆಗಾವಾಟ್ ಸಾಮರ್ಥ್ಯದ ಸೌರ ಸ್ಥಾವರವಿದೆ. ನೀತಿ ಬಂತು, ವಿದ್ಯುತ್ತೂ ಬಂತು. ಇಂಥ ಗಮನವುಳ್ಳವರಿಗೆ ಪಾಠ ಹೇಳುವವರು ಬರಬೇಡವೆ?

ಹಣ ಕೊಡಹೋದರೆ ಆತ ತೆಗೆದುಕೊಳ್ಳಲಿಲ್ಲ. "ಇದ್ರ ಪುಸ್ತಕ ಕನ್ನಡದಲ್ಲಿ ಐತಾ ಮೇಷ್ಟ್ರೇ?" ಎಂದು ಕೇಳಿದ. ನನ್ನ ಬಳಿ ಇದ್ದದ್ದು ಇಂಗ್ಲಿಷಿನದು. ಈಗ ಭಾನುವಾರಗಳಂದು ನಾನು ಅದನ್ನು ಕನ್ನಡದಲ್ಲಿ ಓದಿ ಹೇಳುತ್ತೇನೆ. ಆತ ನನಗೆ ಅದರ ಅರ್ಥ ಬಿಡಿಸುತ್ತಾನೆ.