ಹೀರೋ ಮಿಲಾನಿಗೆ ಹೋದ, ಟೈಟಲ್ ಕಾರ್ಡಿನಲ್ಲಿ ಊರಿನ ಹೆಸರಿಲ್ಲ!

ಹೀರೋ ಅಂದ್ರೆ ಮನುಷ್ಯನೇ ಆಗಬೇಕೆಂದು ಹೇಳಿದವರು ಯಾರು? 1956ರಲ್ಲಿ ಫ್ರಾನ್ಸಿನ ಆಲ್ಬರ್ಟ್ ಲಾಮೊರಿಸ್ ಒಂದು ಬಲೂನನ್ನೇ ಹೀರೋ ಮಾಡಿದ. ಚಿತ್ರ ‘ದಿ ರೆಡ್ ಬಲೂನ್’, ಅವಧಿ ಸುಮಾರು 34 ನಿಮಿಷ. ಪ್ಯಾರಿಸ್ಸಿನ ಬೀದಿಗಳಲ್ಲಿ ಕೆಂಪು ಬಲೂನು ಒಬ್ಬ ಹುಡುಗನ ಬೆನ್ನು ಹತ್ತುತ್ತದೆ. ಹುಡುಗ ನಿರ್ದೇಶಕನ ಸ್ವಂತ ಮಗ ಪಾಸ್ಕಲ್. ಮಾತು ಬಹಳ ಕಮ್ಮಿ. ಆದರೂ ಚಿತ್ರಕಥೆಗೆ ಆಸ್ಕರ್ ಬಂತು!

ಇದನ್ನು ನೋಡಿದ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ. ನಮ್ಮ ತೆಲಸಂಗದ ಮನೆಗಳ ಬಾಗಿಲಲ್ಲಿ ಬಿದ್ದಿರುವ ಚಪ್ಪಲಿ ಯಾವ ಬಲೂನಿಗೆ ಕಮ್ಮಿ?

ತೊಗಟೆ, ಅಳಲೆಕಾಯಿ ಹಾಕಿ ಹದ ಮಾಡಿದ ಚರ್ಮ. ಮೊಳೆ ಇಲ್ಲ, ಹೊಲಿಗೆಗೂ ಚರ್ಮದ್ದೇ ದಾರ. ಹೊಸದು ಮೆಟ್ಟಿಕೊಂಡು ಹೊರಟರೆ ಕರ್ ಕರ್ ಸಪ್ಪಳ. ಬೇರೆ ಹಿನ್ನೆಲೆ ಸಂಗೀತವೇ ಬೇಡ! ಅಥಣಿ, ನಿಪ್ಪಾಣಿ ಕಡೆ ತಯಾರಾಗುವ ಈ ಮಾಲು ಪೇಟೆಗೆ ಹೋದ ಕೂಡಲೇ ‘ಕೊಲ್ಹಾಪುರಿ’.

ಅಥಣಿಯಲ್ಲಿ ಚಪ್ಪಲಿ ಹೊಲಿಯುತ್ತಿದ್ದ ಹಿರಿಯರೊಬ್ಬರನ್ನು ಕೇಳಿದೆ: “ಅಜ್ಜಾರ, ಇಲ್ಲೇ ಮಾಡಿ ಕೊಲ್ಲಾಪುರಿ ಅಂತ ಯಾಕ ಮಾರ್ತೀರಿ?”

“ಆ ಹೆಸರಿಗೇ ಗಿರಾಕಿ ಬರ್ತಾರೋ ತಮ್ಮಾ. ನಮ್ಮ ಹೆಸರು ತಗೊಂಡು ಯಾರು ಏನ್ ಮಾಡ್ತಾರ?”

2019ರಲ್ಲಿ ಕೊಲ್ಹಾಪುರಿ ಚಪ್ಪಲಿಗೆ ಜಿಐ ಮಾನ್ಯತೆ ಬಂತು. ಮಹಾರಾಷ್ಟ್ರದ ನಾಲ್ಕು ಜಿಲ್ಲೆಗಳ ಜೊತೆ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರಗಳಿಗೂ ಅದರಲ್ಲಿ ಪಾಲು. ಆಮೇಲೆ ಬಂತು ನೋಡಿ ಕ್ಲೈಮ್ಯಾಕ್ಸು! 2025ರ ಜೂನ್‌ನಲ್ಲಿ ಇಟಲಿಯ ಮಿಲಾನ್ ನಗರದಲ್ಲಿ ಪ್ರಾಡಾ ಕಂಪನಿಯ ಫ್ಯಾಷನ್ ಶೋ. ಮಾಡೆಲ್‌ಗಳ ಕಾಲಲ್ಲಿ ಥೇಟ್ ನಮ್ಮದೇ ನಮೂನೆ. ಕಂಪನಿ ಕರೆದದ್ದು ಮಾತ್ರ ‘ಲೆದರ್ ಸ್ಯಾಂಡಲ್’ ಎಂದು. ಗದ್ದಲವೆದ್ದ ಮೇಲೆ ಭಾರತದ ಸ್ಫೂರ್ತಿಯೆಂದು ಒಪ್ಪಿಕೊಂಡಿತು. ಡಿಸೆಂಬರಿನಲ್ಲಿ ಕರ್ನಾಟಕದ ಲಿಡ್ಕರ್, ಮಹಾರಾಷ್ಟ್ರದ ಲಿಡ್ಕಾಮ್ ನಿಗಮಗಳ ಜೊತೆ ಒಪ್ಪಂದವೂ ಆಯಿತು.

ಒಳ್ಳೆಯದೇ. ಆದರೆ ಸಿನಿಮಾ ಹುಚ್ಚರಾದ ನಮಗೆ ಒಂದು ಮಾತು ಗೊತ್ತು. ಫೈಟ್ ಮಾಡಿದ ಡೂಪಿನ ಹೆಸರು ತೆರೆಯ ಮೇಲೆ ಬಾರದಿದ್ದರೆ ಚಪ್ಪಾಳೆಯೆಲ್ಲ ಹೀರೋಗೇ. ಚಪ್ಪಲಿ ಈಗ ಹೀರೋ. ಅಂಗೈ ಒರಟಾಗಿಸಿಕೊಂಡು ಕೂತವರು ಯಾರು? ಮಿಲಾನಿನವರನ್ನು ಬೈಯುವ ನಾವೇ ಆ ಅಜ್ಜನ ಹತ್ತಿರ ನೂರು ರೂಪಾಯಿಗೆ ಅರ್ಧ ತಾಸು ಚೌಕಾಶಿ ಮಾಡುತ್ತೇವೆ.

ಗೆಳೆಯರೇ, ನಿಮ್ಮಲ್ಲಿ ಯಾರಿಗಾದರೂ ಕಿರುಚಿತ್ರ ಮಾಡುವ ಹಂಬಲವಿದ್ದರೆ ಅಥಣಿ ಬಸ್ಸು ಹತ್ತಿ. ಫೋನಿನ ಕ್ಯಾಮೆರಾ ಸಾಕು. ಚಪ್ಪಲಿ ಎಲ್ಲಿಗೆ ಬೇಕಾದರೂ ನಡೆಯಲಿ. ಮೊದಲ ಟೈಟಲ್ ಕಾರ್ಡು ಮಾತ್ರ ಅದನ್ನು ಹೊಲಿದವರದೇ ಇರಲಿ.