ಬ್ಯಾಕ್ ಆಡುವವರು

ಹೊಸಕೋಟೆಯಲ್ಲಿ ಬಸ್ ಹತ್ತಿ ಹಳೆ ಮದ್ರಾಸ್ ರಸ್ತೆಯಲ್ಲಿ ಬೆಂಗಳೂರಿನ ಕಡೆ ಹೊರಟರೆ ಕೆ.ಆರ್. ಪುರದ ಆಚೆ ದೂರವಾಣಿನಗರ ಸಿಗುತ್ತದೆ. ಐಟಿಐ ಕಾರ್ಖಾನೆಯ ಊರು ಅದು. ಮನೆಮನೆಗೆ ಟೆಲಿಫೋನ್ ಮಾಡಿಕೊಟ್ಟ ಆ ಕಾರ್ಖಾನೆಯ ಫುಟ್‌ಬಾಲ್ ತಂಡ, 1977ರಲ್ಲಿ ಫೆಡರೇಷನ್ ಕಪ್ ಶುರುವಾದ ಮೊದಲ ವರ್ಷವೇ, ಫೈನಲ್‌ನಲ್ಲಿ ಮೋಹನ್ ಬಾಗನ್ ತಂಡವನ್ನು 1–0ಯಿಂದ ಸೋಲಿಸಿತು. ಬಸ್ಸು ಅಲ್ಲಿ ನಿಧಾನವಾದಾಗಲೆಲ್ಲ ಆ ಸ್ಕೋರು ನನಗೆ ನೆನಪಾಗುತ್ತದೆ. ಆ ಒಂದನ್ನು ಹೊಡೆದವನನ್ನು ಗೆಳೆಯರು ಹೆಗಲ ಮೇಲೆ ಹೊತ್ತಿರುತ್ತಾರೆ. ಆದರೆ ಆ ಸೊನ್ನೆ? ಮೋಹನ್ ಬಾಗನ್‌ನಂಥ ತಂಡ ಇಡೀ ಪಂದ್ಯ ಬಡಿದರೂ ಆ ಸೊನ್ನೆ ಸೊನ್ನೆಯಾಗಿಯೇ ಉಳಿಯಿತಲ್ಲ, ಅದಕ್ಕೆ ಬೆವರು ಸುರಿಸಿದ ಬ್ಯಾಕ್‌ಗಳನ್ನು ನೆನೆಯುವುದರಲ್ಲಿ ನನಗೆ ಹೆಚ್ಚು ಸುಖ.

ನಮ್ಮೂರಿನ ಹೊಸ ಲೇಔಟ್‌ಗಳ ಖಾಲಿ ಸೈಟುಗಳಲ್ಲಿ ಸಂಜೆ ಹುಡುಗರು ಚೆಂಡು ಒದೆಯುತ್ತಾರೆ. ತಂಡ ಮಾಡುವಾಗ ಒಂದು ಮಾತು ತಪ್ಪದೆ ಕೇಳಿಸುತ್ತದೆ: ‘ಲೋ, ನೀನು ಬ್ಯಾಕ್ ನಿಂತ್ಕೊಳೋ.’ ಹಾಗೆ ಹೇಳಿಸಿಕೊಳ್ಳುವವನು ತಂಡದಲ್ಲಿ ಎಲ್ಲರಿಗಿಂತ ಚಿಕ್ಕವನು, ಇಲ್ಲವೇ ಎಲ್ಲರಿಗಿಂತ ದಪ್ಪಗಿರುವವನು. ಅವನು ಮುಖ ಸಣ್ಣದು ಮಾಡಿಕೊಂಡು ಹಿಂದೆ ಹೋಗುತ್ತಾನೆ. ಅವನನ್ನು ಕರೆದು ಹೇಳಬೇಕೆನಿಸುತ್ತದೆ: ಅಲ್ಲಿಂದ ಇಡೀ ಮೈದಾನ ಕಾಣುತ್ತದೆ ಮಗಾ, ಆಟವನ್ನು ಓದುವುದು ಅಲ್ಲಿ ನಿಂತವನಿಗೇ ಮೊದಲು ಬರುತ್ತದೆ.

ಒಳ್ಳೆಯ ಸ್ಟಾಪರ್‌ನನ್ನು ನೋಡುವುದೇ ಒಂದು ಹಿತ. ಅವನು ನೆಲಕ್ಕೆ ಜಾರಿ ಚೆಂಡು ಕಸಿಯುವುದನ್ನು ಜನ ಮೆಚ್ಚಿ ಚಪ್ಪಾಳೆ ತಟ್ಟುತ್ತಾರೆ. ನನಗೆ ಮೆಚ್ಚುಗೆಯಾಗುವುದು ಅದಕ್ಕೆ ಮುಂಚಿನದು. ಎದುರಾಳಿ ಪಾಸ್ ಕೊಡುವ ಮೊದಲೇ ಅವನು ಎರಡು ಹೆಜ್ಜೆ ಎಡಕ್ಕೆ ಸರಿದಿರುತ್ತಾನೆ. ಆ ಎರಡು ಹೆಜ್ಜೆಯಿಂದ ಪಾಸ್‌ನ ದಾರಿ ಮುಚ್ಚುತ್ತದೆ, ಚೆಂಡು ವಾಪಸು ಹೋಗುತ್ತದೆ. ವಿಂಗರ್ ಮೈಮೇಲೆ ನುಗ್ಗಿ ಬಂದಾಗ ಅವನ ಕಾಲಿನ ಕೈಚಳಕಕ್ಕೆ ಮರುಳಾಗದೆ ಸೊಂಟವನ್ನೇ ನೋಡುತ್ತಾನೆ. ಸೊಂಟ ತಿರುಗಿದ ಕಡೆಗಲ್ಲದೆ ಯಾರೂ ಓಡಲಾರರು. ತನ್ನ ಮೈಯನ್ನು ಓರೆಯಾಗಿ ನಿಲ್ಲಿಸಿ, ಒಳಗೆ ಬರಗೊಡದೆ, ಅವನನ್ನು ಗೆರೆಯ ಕಡೆಗೆ ಮೆಲ್ಲಗೆ ದೂಡಿಕೊಂಡು ಹೋಗುತ್ತಾನೆ. ಬಾಯಿಗಂತೂ ಬಿಡುವಿಲ್ಲ: ‘ಮ್ಯಾನ್ ಆನ್’, ‘ಬಿಡು ಬಿಡು’, ‘ಲೈನ್ ಮೇಲೆ ಬನ್ರೋ’. ನಮ್ಮ ಕಡೆ ದ್ರಾಕ್ಷಿ ತೋಟ ಕಾಯುವವನ ಕೆಲಸವೂ ಹೀಗೇ. ಕಳುವಾಗದ ಗೊಂಚಲನ್ನು ಎಣಿಸಿ ಅವನಿಗೆ ಯಾರೂ ಸಂಬಳ ಹೆಚ್ಚಿಸುವುದಿಲ್ಲ.

ಈ ಜಾಗ ಮೊದಲಿನಿಂದ ಹೀಗೆಯೇ ಇರಲಿಲ್ಲ. 1925ರವರೆಗೆ ಆಫ್‌ಸೈಡ್ ಆಗದಿರಲು ಮುಂದಿನ ಆಟಗಾರನಿಗೂ ಗೋಲು ಗೆರೆಗೂ ನಡುವೆ ಎದುರಾಳಿಗಳು ಮೂವರಿರಬೇಕಿತ್ತು. ಆ ವರ್ಷ ಅದು ಇಬ್ಬರಾಯಿತು. ಗೋಲುಗಳು ಸುರಿಯತೊಡಗಿದವು. ತಡೆಯಲು ಸೆಂಟರ್ ಹಾಫ್ ಹಿಂದೆ ಸರಿದು ಎರಡು ಬ್ಯಾಕ್‌ಗಳ ನಡುವೆ ನಿಂತ. ಸ್ಟಾಪರ್ ಹುಟ್ಟಿದ್ದು ಹಾಗೆ. ನಮ್ಮ ಮರಿಯಪ್ಪ ಕೆಂಪಯ್ಯ ಆಡುತ್ತಿದ್ದದ್ದು ಅದರ ಪಕ್ಕದ ಜಾಗದಲ್ಲಿ, ಹಾಫ್ ಬ್ಯಾಕ್ ಆಗಿ: ಅರ್ಧ ಹೊತ್ತು ತಡೆಯುವ, ಅರ್ಧ ಹೊತ್ತು ಮುಂದಿನವರಿಗೆ ಚೆಂಡು ಒದಗಿಸುವ ದುಡಿಮೆ. 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ನಾಲ್ಕನೆಯ ಸ್ಥಾನಕ್ಕೇರಿದ ಭಾರತ ತಂಡದಲ್ಲಿ ಅವರಿದ್ದರು, 1960ರ ರೋಮ್‌ನಲ್ಲೂ ಇದ್ದರು. ಮೆಲ್ಬರ್ನ್ ಅಂದರೆ ಆಸ್ಟ್ರೇಲಿಯಾ ವಿರುದ್ಧ ನೆವಿಲ್ ಡಿಸೋಜ ಹೊಡೆದ ಮೂರು ಗೋಲು ಎಲ್ಲರಿಗೂ ಗೊತ್ತು, ಗೊತ್ತಿರಲೂ ಬೇಕು. ಕೆಂಪಯ್ಯನವರ ಹೆಸರು ಕನ್ನಡದ ಮಕ್ಕಳಿಗೂ ಗೊತ್ತಿಲ್ಲವಲ್ಲ ಎಂಬುದು ನನ್ನ ಕೊರಗು.

ಬ್ಯಾಕ್‌ಗಳ ಮೇಲೇ ಇಡೀ ದೇಶದ ಕಣ್ಣು ಬಿದ್ದ ಸಂಜೆಯೂ ಒಂದಿದೆ. 2015ರ ಮೇ 31, ಕಂಠೀರವ ಕ್ರೀಡಾಂಗಣ, ಐ-ಲೀಗ್‌ನ ಕೊನೆಯ ಪಂದ್ಯ. ಪ್ರಶಸ್ತಿಗೆ ಬೆಂಗಳೂರು ಎಫ್‌ಸಿ ಗೆಲ್ಲಲೇಬೇಕು, ಮೋಹನ್ ಬಾಗನ್‌ಗೆ ಡ್ರಾ ಸಾಕು. ಮೊದಲ ಗೋಲು ಹೊಡೆದವನು ಬೆಂಗಳೂರಿನ ಸ್ಟಾಪರ್ ಜಾನ್ ಜಾನ್ಸನ್, ಇಂಗ್ಲೆಂಡಿನ ಮಿಡಲ್ಸ್‌ಬರೊ ಊರಿನವನು. ಇನ್ನೇನು ಕಪ್ಪು ನಮ್ಮದೇ ಅನ್ನುವಾಗ, 87ನೆಯ ನಿಮಿಷದಲ್ಲಿ ಕಾರ್ನರ್‌ಗೆ ತಲೆಕೊಟ್ಟು ಸಮ ಮಾಡಿದವನೂ ಸ್ಟಾಪರ್ರೇ: ಬಾಗನ್‌ನ ಬೆಲ್ಲೊ ರಜಾಕ್. ಬೆಂಗಳೂರಿನ ಕಪ್ಪು ಕೈತಪ್ಪಿತು. ನೋವು ಇಂದಿಗೂ ಇದೆ. ಆದರೂ ವರ್ಷವಿಡೀ ತಡೆದವರಿಬ್ಬರ ಹೆಸರೇ ಆ ದಿನ ಸ್ಕೋರ್‌ಬೋರ್ಡ್‌ಗೆ ಏರಿದ್ದು ನನಗೆ ನ್ಯಾಯವೆಂದೇ ತೋರುತ್ತದೆ.

ಐಟಿಐ, ಎಚ್‌ಎಎಲ್ ಕಾಲದ ಬ್ಯಾಕ್‌ಗೆ ಆಟದ ಜೊತೆ ಒಂದು ನೌಕರಿ ಇರುತ್ತಿತ್ತು. ಮೊಣಕಾಲು ಕೈಕೊಟ್ಟ ಮೇಲೂ ಕಾರ್ಖಾನೆಯ ಗೇಟು ತೆರೆದಿರುತ್ತಿತ್ತು, ಪಿಎಫ್ ಬೆಳೆಯುತ್ತಿತ್ತು. ಈಗಿನವನಿಗೆ ಸಂಬಳ ದೊಡ್ಡದು, ಕರಾರು ಚಿಕ್ಕದು. ಒಂದೆರಡು ಹಂಗಾಮು ಮುಗಿದರೆ ಬೇರೆ ಊರು, ಬೇರೆ ಜರ್ಸಿ. ಕೆನ್ಯಾದ ಕರ್ಟಿಸ್ ಒಸಾನೊ ಜಾನ್ಸನ್ ಜೊತೆ ನಿಂತು 2014ರ ಐ-ಲೀಗ್ ಗೆಲ್ಲಿಸಿದ, 2016ರ ಹೊತ್ತಿಗೆ ಹೊರಟೂ ಹೋದ. ಕೆಲಸವೂ ಹೆಚ್ಚಾಗಿದೆ. 1992ರಲ್ಲಿ, ತನ್ನವರು ಕಾಲಿನಿಂದ ಹಿಂದಕ್ಕೆ ಕೊಟ್ಟ ಚೆಂಡನ್ನು ಗೋಲಿ ಕೈಯಲ್ಲಿ ಹಿಡಿಯಬಾರದೆಂದು ನಿಯಮ ಬಂದ ಮೇಲೆ, ಇಕ್ಕಟ್ಟಿನಲ್ಲೂ ನೆಮ್ಮದಿಯಾಗಿ ಪಾಸ್ ಕೊಡುವುದನ್ನು ಬ್ಯಾಕ್ ಕಲಿಯಲೇಬೇಕಾಯಿತು. ಒಂದು ವರವೂ ಅವನಿಗುಂಟು. ವಿಂಗರ್‌ಗೆ ವೇಗ ಹೋದರೆ ಆಟ ಮುಗಿಯಿತು. ಬ್ಯಾಕ್‌ನ ಕಣ್ಣು ವಯಸ್ಸಾದಷ್ಟೂ ಹದವಾಗುತ್ತದೆ. ಇಟಲಿಯ ಪಾವ್ಲೊ ಮಾಲ್ದೀನಿ 1985ರಲ್ಲಿ ಮಿಲಾನ್‌ಗೆ ಆಡಲು ಶುರುಮಾಡಿ 2009ರಲ್ಲಿ ನಿಲ್ಲಿಸಿದಾಗ ಅವನಿಗೆ 40 ದಾಟಿತ್ತು.

ಅಶೋಕನಗರದ ಫುಟ್‌ಬಾಲ್ ಸ್ಟೇಡಿಯಮ್ಮಿನಲ್ಲಿ ಸೂಪರ್ ಡಿವಿಷನ್ ಪಂದ್ಯಗಳು ನಡೆಯುವಾಗ ಒಮ್ಮೆ ಹೋಗಿ ಬನ್ನಿ. ಮೊದಲ ಹತ್ತು ನಿಮಿಷ ಚೆಂಡನ್ನು ಅದರ ಪಾಡಿಗೆ ಬಿಟ್ಟು, ಒಬ್ಬ ಸ್ಟಾಪರ್‌ನನ್ನು ಆರಿಸಿಕೊಂಡು ಅವನನ್ನೇ ನೋಡಿ. ಜೊತೆಗೆ, ಮನೆಯಲ್ಲಿ ಬ್ಯಾಕ್ ಆಡುವ ಹುಡುಗನೋ ಹುಡುಗಿಯೋ ಇದ್ದರೆ ಅವರನ್ನೂ ಕರೆದುಕೊಂಡು ಹೋಗಿ.